ಗೋಡೆ ಬಿಟ್ಟ ನೀರು

ಬಾಳೆ ಹೂವಿನ ಆ ಕೆಂಪು ಸಿಪ್ಪೆ ಸೇತುವೆಯ ಕೆಳಗಿನಿಂದ ನುಗ್ಗಿ ಬಂತು, ಕಣ್ಣೆದುರೇ ವೇಗ ಕಳೆದುಕೊಂಡಿತು, ಗೋಡೆಯ ಪಕ್ಕ ಒಂದು ಗಳಿಗೆ ನಿಂತಿತು, ಈಗ ಹಿಂದಕ್ಕೆ ಬರುತ್ತಿದೆ — ಹೊಳೆಯೆಲ್ಲ ಕೆಳಗೆ ಹರಿಯುತ್ತಿದ್ದರೆ ಇದೊಂದು ಮೇಲಕ್ಕೆ, ಸೇತುವೆಯ ಕಡೆಗೆ. ಇದನ್ನೇ ಹೇಳಿದ್ದೆ. ಎಂಟು ತಿಂಗಳ ಹಿಂದೆ ಇದೇ ಜಾಗದಲ್ಲಿ ಇಂಜಿನಿಯರ್ ಸಾಹೇಬರ ಮುಖಕ್ಕೇ ಹೇಳಿದ್ದೆ, ಸಾರ್, ಸೇತುವೆ ದಾಟಿದ ಕೂಡಲೇ ದಡದ ಗೋಡೆಯನ್ನು ಹೀಗೆ ಒಮ್ಮೆಗೇ ಹೊರಕ್ಕೆ ಅಗಲಿಸಿದರೆ ನೀರು ಗೋಡೆ ಬಿಡುತ್ತದೆ, ಅವರು ನಕ್ಕರು, ಗೋಡೆ ಬಿಟ್ಟು ಎಲ್ಲಿಗೆ ಹೋಗ್ತದೆ ಅಪ್ಪಯ್ಯ, ವಿರಾಜಪೇಟೆ ಸಂತೆಗಾ ಅಂದರು, ಜೊತೆಗಿದ್ದವರೂ ನಕ್ಕರು, ನಾನೂ ನಕ್ಕೆ, ಓವರ್‌ಸಿಯರ್ ಆದವನು ಮೇಲಿನವರ ಜೊತೆ ನಗಬೇಕು, ಆ ನಗು ನೆನೆದರೆ ಈಗ ನನ್ನ ಮುಖಕ್ಕೆ ನಾನೇ ಹೊಡೆದುಕೊಳ್ಳಬೇಕು ಅನಿಸುತ್ತದೆ. ಹತ್ತು ಗಂಟೆಗೆ ಜೀಪು ಬರುತ್ತದೆ, ಅದರಲ್ಲಿ ಅವರು, ಅವರ ಕೈಯಲ್ಲಿ ಟೈಪು ಮಾಡಿದ ವರದಿ — ಮೇಸ್ತ್ರಿ ಸಣ್ಣಸ್ವಾಮಿ ಕುಡಿದ ಅಮಲಿನಲ್ಲಿ ಕಾಲು ಜಾರಿ ಹೊಳೆಗೆ ಬಿದ್ದು ಸತ್ತ — ಅದರ ಕೆಳಗೆ ನನ್ನ ಸಹಿಗೆ ಜಾಗ. ಕುಡಿದ ಅಮಲಂತೆ. ಬೆಳಗಿನ ಎಂಟು ಗಂಟೆಗೆ, ಕೈಯಲ್ಲಿ ಅಳತೆಯ ಬಿದಿರು ಗಳ ಹಿಡಿದುಕೊಂಡು.

ಮೈಸೂರಿನಲ್ಲಿ ಡಿಪ್ಲೊಮಾ ಓದುವಾಗ ಮೇಷ್ಟ್ರು ಬೋರ್ಡಿನ ಮೇಲೆ ಬರೆದು ತೋರಿಸಿದ್ದರು, ಇಕ್ಕಟ್ಟಿನಲ್ಲಿ ಓಡಿಬಂದ ನೀರಿಗೆ ಒಮ್ಮೆಲೇ ಅಗಲ ಕೊಟ್ಟರೆ ವೇಗ ಇಳಿಯುತ್ತದೆ, ವೇಗ ಇಳಿದಷ್ಟೂ ಮುಂದಿನ ಒತ್ತಡ ಏರುತ್ತದೆ, ಹರಿಯುವ ನೀರು ಆ ಒತ್ತಡಕ್ಕೆ ಎದೆ ಕೊಟ್ಟು ಹೋಗಬೇಕು, ನಡುಹೊಳೆಯ ನೀರಿಗೆ ಕಸುವಿದೆ, ತಳ್ಳಿಕೊಂಡು ಹೋಗುತ್ತದೆ, ಗೋಡೆಗೆ ಉಜ್ಜಿಕೊಂಡು ಬಂದ ತೆಳು ಪದರದಲ್ಲಿ ಕಸುವೆಲ್ಲಿ, ಅದು ನಿಲ್ಲುತ್ತದೆ, ತಿರುಗುತ್ತದೆ, ಗೋಡೆ ಬಿಟ್ಟು ಸುಳಿಯಾಗುತ್ತದೆ. ಬೋರ್ಡಿನ ಮಾತು ಸಾಹೇಬರ ಹತ್ತಿರ ನಡೆಯಲಿಲ್ಲ, ಅದಕ್ಕೇ ಕಣ್ಣಾರೆ ತೋರಿಸೋಣ ಅಂತ ಅಪ್ಪನ ಗದ್ದೆಯ ತೋಡಿನಲ್ಲಿ ಎರಡು ಹಲಗೆ ನಿಲ್ಲಿಸಿದೆ, ನಕ್ಷೆಯಲ್ಲಿದ್ದ ಕೋನಕ್ಕೇ, ಸಣ್ಣಸ್ವಾಮಿ ಮೊಣಕಾಲು ನೀರಿನಲ್ಲಿ ನಿಂತು ಭತ್ತದ ಉಮಿ ಚೆಲ್ಲುತ್ತಾ ಹೋದ, ನಡೂಕಿರೋದು ಓಯ್ತದೆ ಸ್ವಾಮಿ, ಗ್ವಾಡೆ ಪಕ್ಕದ್ದು ಸುಸ್ತಾಗ್ಬುಟ್ಟದೆ ನೋಡಿ, ತಿರಿಕ್ಕಂಡು ಬತ್ತಾ ಅದೆ ಅಂದ. ಪುಸ್ತಕ ಕಾಣದ ಮನುಷ್ಯ, ಹುಣಸೂರು ಕಡೆಯವನು, ಒಂದೇ ಮಾತಿನಲ್ಲಿ ಹೇಳಿಬಿಟ್ಟ. ಆಮೇಲೆ ತಾನಾಗೇ ಹಲಗೆ ಅಗಲವಾಗುವ ಸ್ವಲ್ಪ ಮುಂಚೆ ಒಂದು ಸಾಲು ಬೆಣಚುಕಲ್ಲು ಇಟ್ಟ, ಕದಡಿ ಬುಟ್ರೆ ಏನಾದದು ನೋಡ್ಮಾ ಅಂದ, ಕದಡಿದ ನೀರು ಸಣ್ಣ ಸಣ್ಣ ಸುಳಿಯಾಗಿ ನಡುವಿನ ಬಿರುಸನ್ನು ಹಲಗೆಯ ಬದಿಗೆ ತಂದು ಹಾಕಿತು, ಉಮಿ ಹಲಗೆಯನ್ನು ಒಂದು ಗೇಣು ಜಾಸ್ತಿ ಹಿಡಿದುಕೊಂಡು ಹೋಯಿತು, ಪೂರ್ತಿ ಅಲ್ಲ, ಆದರೂ ಒಂದು ಗೇಣು. ಹಲಗೆ ಉದ್ದ ಮಾಡಿ ಕೋನ ಇಳಿಸಿದಾಗ ಪೂರ್ತಿ ಹಿಡಿಯಿತು. ಇಷ್ಟೇ ಕೇಳಿದ್ದು ನಾನು, ಗೋಡೆ ಇನ್ನೂ ಇಪ್ಪತ್ತು ಅಡಿ ಉದ್ದವಾಗಲಿ, ಮುಖದ ಕಲ್ಲು ಒರಟಾಗೇ ಇರಲಿ.

ಗದ್ದೆ ತೋಡಿನಲ್ಲಿ ಆಟ ಆಡ್ತೀರಾ ಅಪ್ಪಯ್ಯ, ಮಳೆಗಾಲಕ್ಕೆ ಮೊದಲು ಸೇತುವೆ ತೆರೀಬೇಕು, ನಮ್ಮ ಪುಟ್ಟ ಕೊಡಗು ರಾಜ್ಯ ಏನು ಮಾಡಿದೆ ಅಂತ ತೋರಿಸಬೇಕು, ನಾಳೆ ನಮ್ಮನ್ನ ಮೈಸೂರಿಗೆ ಸೇರಿಸ್ತಾರೋ ಬಿಡ್ತಾರೋ, ಇಪ್ಪತ್ತು ಅಡಿ ಅಂತೆ, ಗೋಡೆಗೆ ಕನ್ನಡಿ ಹಾಗೆ ಸಾರಣೆ ಮಾಡಿಸಿ, ದೊಡ್ಡೋರು ಬರ್ತಾರೆ ಅಂದರು ಸಾಹೇಬರು. ಕನ್ನಡಿ ಹಾಗೆ. ಸಣ್ಣಸ್ವಾಮಿ ಹನ್ನೊಂದು ದಿನ ಕರಣೆ ಉಜ್ಜಿದ, ಬೆರಳಿಟ್ಟರೆ ಜಾರಬೇಕು ಹಾಗೆ, ದೊಡ್ಡವರು ಬಂದರು, ರಿಬ್ಬನ್ ಕತ್ತರಿಸಿದರು, ಗೋಣಿಕೊಪ್ಪಲಿನ ಬ್ಯಾಂಡು ಊದಿತು, ಜೂನಿನಲ್ಲಿ ಹೊಳೆ ತುಂಬಿತು, ತುಂಬಿದ ಹದಿನೈದು ದಿನಕ್ಕೇ ನೀರು ಗೋಡೆ ಬಿಟ್ಟಿತು, ಗೋಡೆ ಮುಗಿಯುವ ಜಾಗದಲ್ಲಿ ಸುಳಿ ದಡವನ್ನು ಅಡಿಯಿಂದ ಕೊರೆಯಿತು, ಮೇಲೆ ಹುಲ್ಲು ಹಸಿರಾಗೇ ಇತ್ತು, ಕೆಳಗೆ ಪೊಳ್ಳು. ಎಷ್ಟು ಪೊಳ್ಳು ಅಂತ ಅಳತೆ ಸಮೇತ ಬರೆದರೆ ಸಾಹೇಬರು ಒಪ್ಪಲೇಬೇಕಾಗುತ್ತದೆ ಅಂದುಕೊಂಡೆ, ನನ್ನ ಬುದ್ಧಿಗೆ ಬೆಂಕಿ ಬೀಳಲಿ, ಸಣ್ಣಸ್ವಾಮೀ, ನಾಳೆ ಬೆಳಿಗ್ಗೆ ಒಂದು ಗಳ ಇಳಿಬಿಟ್ಟು ನೋಡು ಅಂದೆ. ನಾನು ಬಂದಾಗ ಎಂಟೂ ಕಾಲು. ದಡ ಅರ್ಧ ಬೋಗುಣಿಯ ಹಾಗೆ ಕುಸಿದಿತ್ತು, ಗಳ ಸುಳಿಯಲ್ಲಿ ಸುತ್ತುತ್ತಿತ್ತು. ಮರುದಿನ ಅರ್ಧ ಮೈಲಿ ಕೆಳಗೆ ಬಿದಿರು ಮೆಳೆಯಲ್ಲಿ ಅವನು ಸಿಕ್ಕಿದ.

ಅವನು ಬಿದ್ದ ದಿನದಿಂದ, ಮೂರು ದಿನದಿಂದ ಮಳೆ ಬಿಟ್ಟಿದೆ, ಮೂರು ದಿನದಿಂದ ನನಗೆ ಅನ್ನ ಇಳಿಯುತ್ತಿಲ್ಲ, ಮನೆಯಲ್ಲಿ ಕೂಗಾಡಿದೆ, ಆ ಇಂಜಿನಿಯರನ್ನು ಕೋರ್ಟಿಗೆ ಎಳೆಯುತ್ತೇನೆ, ನಕ್ಷೆ ತೋರಿಸುತ್ತೇನೆ, ಬೋಜಮ್ಮ ಒಲೆಯ ಮುಂದಿನಿಂದ ತಿರುಗದೆ ಹೇಳಿದಳು, ಆ ನಕ್ಷೆಲಿ ನಿಮ್ಮ ಸಹಿನೂ ಉಟ್ಟಲ್ಲ, ಇದೆಯಲ್ಲ ಅಂತ. ಹೆಂಡತಿಯ ಮೇಲೆ ಅಷ್ಟು ಸಿಟ್ಟು ನನಗೆ ಯಾವತ್ತೂ ಬಂದಿರಲಿಲ್ಲ, ನಿಜ ಹೇಳಿದಳಲ್ಲ ಅದಕ್ಕೆ. ನಕ್ಷೆಯ ಮೂಲೆಯಲ್ಲಿ, ಪರಿಶೀಲಿಸಿದೆ, ಅಪ್ಪಯ್ಯ, ತಾರೀಖು. ಸಾಹೇಬರು ಬೆರಳಿನಿಂದ ಜಾಗ ತೋರಿಸಿದರು, ನಾನು ಹಾಕಿದೆ, ಪೆನ್ನು ಕೂಡ ಅವರದೇ.

ಜೀಪಿನ ಸದ್ದು. ಬಂದರು, ಕೆಳಗಿಳಿಯಲೂ ಇಲ್ಲ, ಸೀಟಿನಿಂದಲೇ ಕಾಗದ ಚಾಚಿದರು, ಬೇಗ ಹಾಕಿ ಅಪ್ಪಯ್ಯ, ಮಡಿಕೇರಿಯಲ್ಲಿ ಕಾಯ್ತಿದ್ದಾರೆ. ಸಾರ್, ಅವನು ಕುಡೀತಿರಲಿಲ್ಲ. ಅದು ನಿಮಗೆ ಹೇಗೆ ಗೊತ್ತು. ಎಂಟು ತಿಂಗಳು ಜೊತೆಗೆ ಕೆಲಸ ಮಾಡಿದ್ದೇನೆ ಸಾರ್. ಸತ್ತೋನಿಗೆ ಇದರಿಂದ ಏನಾಗ್ತದೆ ಹೇಳಿ, ಇರೋರ ಬಗ್ಗೆ ಯೋಚನೆ ಮಾಡಿ — ಇರೋರು ಅಂದರೆ ಇವರು, ಇಸ್ತ್ರಿ ಮಾಡಿದ ಈ ಕಾಲರು. ಕಾಗದವನ್ನು ಬಾನೆಟ್ಟಿನ ಮೇಲಿಟ್ಟೆ, ಬಿಸಿಯಿತ್ತು, ಟೈಪಿನ ಸಾಲಿನ ಕೆಳಗೆ ನನ್ನ ಕೈಯಲ್ಲೇ ಬರೆದೆ, ಮೇಲಿನದು ಸುಳ್ಳು, ಗೋಡೆಯ ಕೋನ ತಪ್ಪು, ನೀರು ಗೋಡೆ ಬಿಟ್ಟು ದಡ ಕೊರೆದಿದೆ, ಮೊದಲೇ ತಿಳಿಸಿದ್ದೆ, ತಿಳಿದೂ ನಕ್ಷೆಗೆ ಸಹಿ ಹಾಕಿದ್ದೇನೆ, ಅಳೆಯಲು ಕಳಿಸಿದವನೂ ನಾನೇ. ಆಮೇಲೆ ಸಹಿ. ಅವರು ಎರಡು ಸಲ ಓದಿದರು. ನೀವೂ ಮುಳುಗ್ತೀರಿ, ಗೊತ್ತಾ ಅಂದರು. ಗೊತ್ತು ಸಾರ್, ಇದನ್ನೇ ಬರೆದ ಕಾಗದವೊಂದನ್ನು ಬೆಳಿಗ್ಗೆಯೇ ಅಂಚೆಗೆ ಹಾಕಿದೆ, ಚೀಫ್ ಕಮಿಷನರ್ ಕಚೇರಿಗೆ. ಅವರ ಮುಖದ ಬಣ್ಣ ಇಳಿಯುವುದನ್ನು ನೋಡಿದೆ, ಖುಷಿಯಾಗಬೇಕಿತ್ತು, ಆಗಲಿಲ್ಲ, ಜೀಪು ಹೋಯಿತು, ಸಿಟ್ಟು ಹೋಗಲಿಲ್ಲ, ಎದೆಯಲ್ಲೇ ಕೂತಿದೆ.

ಹಿಂದೆ ಯಾರೋ. ನಿಂಗಮ್ಮ, ಸಣ್ಣಸ್ವಾಮಿಯ ಹೆಂಡತಿ, ಯಾವಾಗಿನಿಂದ ನಿಂತಿದ್ದಳೋ, ಸ್ವಾಮಿ, ಅವ್ರು ಬಿದ್ದ ಜಾಗ ಒಸಿ ತೋರ್ಸಿ ಅಂದಳು, ಅಷ್ಟೇ, ಅಳುತ್ತಿಲ್ಲ, ಬೈಯುತ್ತಲೂ ಇಲ್ಲ, ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. ನೀರು ಎರಡು ಅಡಿ ಇಳಿದಿದೆ, ಗೋಡೆಯ ಬುಡದ ಕಲ್ಲು ಈಗ ಕಾಣುತ್ತಿದೆ, ಅದರ ಮೇಲೆ ಕಾಲಿಟ್ಟು ಅವಳನ್ನು ಕರೆದುಕೊಂಡು ಹೋದೆ, ಈ ಮೂರು ದಿನ ಇಲ್ಲಿಗೆ ಯಾರೂ ಇಳಿದಿಲ್ಲ, ನಾನೂ ಇಳಿದಿಲ್ಲ. ಸಾರಣೆಯ ಮೇಲೆ ಪ್ರವಾಹದ ಕೆಸರು ತೆಳ್ಳಗೆ ಹತ್ತಿ ಒಣಗಿದೆ, ಆ ಕೆಸರಿನಲ್ಲಿ, ನನ್ನ ಎದೆಯ ಮಟ್ಟಕ್ಕೆ, ಮೇಲಿನಿಂದ ಕೆಳಕ್ಕೆ ಎಳೆದ ಗೆರೆಗಳು. ನಾಲ್ಕು. ಬಳ್ಳಿ ಉಜ್ಜಿದ್ದಿರಬೇಕು, ಇಲ್ಲ ಮರದ ಕೊಂಬೆ, ಕೊಂಬೆಯೇ — ನಿಂಗಮ್ಮ ಮುಂದೆ ಬಂದಳು, ಮೂರು ಗೆರೆ ಉದ್ದ, ಒಂದು ಗೆರೆ ಗಿಡ್ಡ, ಗಿಡ್ಡದರ ತುದಿಯಲ್ಲಿ ಬೆರಳಿಟ್ಟಳು, ಇದು ಕಲ್ಲು ಬಿದ್ದು ಮೊಂಡಾದ ಬೆಳ್ಳು ಸ್ವಾಮಿ, ಅವ್ರದೇ ಕೈಯಿ. ಸುಳಿ ಹಿಂದಕ್ಕೆ ಗೋಡೆಯ ಬದಿಗೆ ತಂದಾಗ ಹಿಡಿಯಲು ನೋಡಿದ್ದಾನೆ, ಹನ್ನೊಂದು ದಿನ ತಾನೇ ಉಜ್ಜಿದ ಗೋಡೆ, ಒಂದು ಕಲ್ಲಿನ ಮೂಲೆ ಸಿಕ್ಕಿದ್ದರೆ, ಬರೀ ಒಂದು ಒರಟು — ಅವಳು ತನ್ನ ನಾಲ್ಕು ಬೆರಳನ್ನೂ ಆ ಗೆರೆಗಳಲ್ಲಿಟ್ಟು ನಿಧಾನಕ್ಕೆ ಕೆಳಗೆ ತರುತ್ತಿದ್ದಾಳೆ, ಮೂರು ಉದ್ದ, ಒಂದು ಗಿಡ್ಡ, ನೀರಿನ ತನಕ, ಮೂರು ಉದ್ದ, ಒಂದು ಗಿಡ್ಡ, ಮೂರು ಉದ್ದ, ಒಂದು