ಲೇತು ಕೂಗುವ ಕಡೆ ತಿರುಗಿ

"ದಾಟ್ತಾ ಇವ್ನಿ ಕಣವ್ವಾ!" ಎಂದು ಕೂಗಿ ರುದ್ರಪ್ರಸಾದ್ ರಸ್ತೆಗೆ ಕಾಲಿಟ್ಟೇಬಿಟ್ಟ. ಕವನ ಹಿಂದಿನಿಂದ ಅವನ ಅಂಗಿ ಹಿಡಿದು ಎಳೆದಳು. ಜಲ್ಲಿ ತುಂಬಿದ ಲಾರಿಯೊಂದು ಅವನ ಮೂಗನ್ನು ಸವರಿದಂತೆ ಹಾದುಹೋಯಿತು. ಡ್ರೈವರ್ ಬೈದ ಬೈಗುಳ ಧೂಳಿನ ಜೊತೆಗೇ ಕೆಂಗಲ್ ಕಡೆಗೆ ಓಡಿತು. ಅದು ರುದ್ರಪ್ರಸಾದನಿಗೆ ಕೇಳಲಿಲ್ಲ. ಅವನ ಎರಡೂ ಕಿವಿಗಳಲ್ಲಿ ಕವನಳ ಅಪ್ಪ ಮಾತಾಡುತ್ತಿದ್ದ.

ಏನು ಮಾತಾಡುತ್ತಿದ್ದಾನೆ ಎಂಬುದು ಅವಳಿಗೆ ಬಾಯಿಪಾಠ. "ಬಸ್ ಸ್ಟ್ಯಾಂಡಿಗೆ ಬೆನ್ನು ಹಾಕಿ ನಿಂತ್ಕೊಳಿ. ಈಗ ರಸ್ತೆ ದಾಟಿ. ಅವಸರ ಬೇಡ. ನಮ್ಮೂರ ಗಾಡಿಯವರು ಮನುಷ್ಯರನ್ನ ಕಂಡರೆ ನಿಲ್ಲಿಸ್ತಾರೆ."

"ನಿಮ್ಮಪ್ಪ ಇವತ್ತು ನನ್ನ ಕೈಲಾಸಕ್ಕೇ ಕಳುಸ್ಬುಡ್ತಿದ್ದ!" ಕಿವಿ ಮುಚ್ಚಿಕೊಂಡವರೆಲ್ಲ ಕಿರುಚುವ ಹಾಗೆ ರುದ್ರಪ್ರಸಾದನೂ ಕಿರುಚಿದ. ಬಸ್ಸಿಗೆ ಕಾಯುತ್ತಿದ್ದವರು ತಿರುಗಿ ನೋಡಿ ನಕ್ಕರು. ಕವನ ಬಾಯಿ ಬಿಡಲಿಲ್ಲ. ಬಾಯಿ ಬಿಡಬಾರದೆಂದೇ ಕರಾರು.

ರುದ್ರಪ್ರಸಾದನದು ಚನ್ನಪಟ್ಟಣದ ಹೊರಗೆ, ಹೈವೇ ಪಕ್ಕದಲ್ಲಿ, ಹೋಟೆಲು. ಮೈಸೂರಿಗೆ ಹೊರಟ ಬೆಂಗಳೂರಿನವರು ಭಾನುವಾರ ಅಲ್ಲಿ ತಟ್ಟೆ ಇಡ್ಲಿ ತಿನ್ನಲು ಇಳಿಯುತ್ತಾರೆ. ಅವರಿಗೆ ಅವನು ಬೆಂಕಿಪೊಟ್ಟಣದಷ್ಟು ಗಾತ್ರದ ಒಂದು ಪ್ಲೇಯರ್ ಕೊಡುತ್ತಾನೆ. ಗೈಡು ಬೇಡ, ಗುಂಪು ಬೇಡ. ಅದರ ಇಯರ್‌ಫೋನ್ ಕಿವಿಗೆ ಸಿಕ್ಕಿಸಿಕೊಂಡು ಹೊರಟರೆ ಅದರೊಳಗಿನ ದನಿ ಪೇಟೆ, ಕೋಟೆ, ಸಂದುಗೊಂದು ಎಲ್ಲವನ್ನೂ ತಾನೇ ತೋರಿಸಿಕೊಂಡು ಹೋಗುತ್ತದೆ. ಆ ದನಿ ಪೇಟೆಯಲ್ಲಿ ಬಣ್ಣದ ಅಂಗಡಿ ಇಟ್ಟಿದ್ದ ಕವನಳ ಅಪ್ಪ ಮರಿಸ್ವಾಮಿಯದು. ಊರಿನಲ್ಲಿ ಅವನಷ್ಟು ಮಾತಾಡುವವರು ಇರಲಿಲ್ಲವೆಂದೇ ರುದ್ರಪ್ರಸಾದ್ ಅವನನ್ನು ಹಿಡಿದಿದ್ದ. ಆರು ವರ್ಷದ ಹಿಂದೆ ಒಂದು ಟೇಪ್ ರೆಕಾರ್ಡರ್ ಹೆಗಲಿಗೆ ತಗುಲಿಸಿಕೊಂಡು ಮರಿಸ್ವಾಮಿ ಬೀದಿ ಬೀದಿ ಅಲೆಯುತ್ತ, ನಿಂತಲ್ಲೇ ಮಾತಾಡುತ್ತ, ಎಲ್ಲವನ್ನೂ ಒಂದೇ ಬೆಳಿಗ್ಗೆ ಮುಗಿಸಿದ್ದ.

ಆಮೇಲೆ ರಸ್ತೆ ಅಗಲವಾಯಿತು. ಮರಗಳು ಹೋದವು. ಬೆಳಿಗ್ಗೆ ಸಂಜೆ ಗಾರ್ಮೆಂಟ್ಸ್ ಬಸ್ಸುಗಳು ಸಾಲುಗಟ್ಟಿದವು. ಕಿವಿಯಲ್ಲಿ ಒಂದು ಊರು, ಕಣ್ಣೆದುರು ಇನ್ನೊಂದು ಊರು ಆಗಿ, ಹೋದವರು ದಾರಿ ತಪ್ಪಿ, ಬೆವರಿ, ಬೈದುಕೊಂಡು ವಾಪಸ್ಸು ಬರತೊಡಗಿದರು. ಹೊಸ ದನಿ, ಹೊಸ ದಾರಿ ಮಾಡಿಸುತ್ತೇನೆ ಎಂದ ರುದ್ರಪ್ರಸಾದ್. ಹೊಸ ದಾರಿ ಹೈವೇಯಲ್ಲೇ ಅವನು ತೆರೆದಿರುವ ಗೊಂಬೆ ಶೋರೂಮಿನಲ್ಲಿ ಮುಗಿಯುತ್ತದೆ. ಹಳೇ ದಾರಿ ಮುಗಿಯುತ್ತಿದ್ದದ್ದು ಕವನಳ ಮನೆಯ ಜಗಲಿಯಲ್ಲಿ.

"ರುದ್ರಣ್ಣ, ಒಂದೇ ಒಂದು ಸಲ ನೀವೇ ನಡೆದು ನೋಡಿ," ಎಂದು ಕವನ ಹೋಟೆಲಿನ ಗಲ್ಲಾದ ಮುಂದೆ ನಿಂತು ಬೇಡಿದ್ದಳು. "ಅಪ್ಪನ ಮಾತಿನ ಮೇಲೇ ನಮ್ಮ ಜಗಲಿ ಮುಟ್ಟಿದ್ರೆ ಅದನ್ನ ತೆಗೀಬೇಡಿ."

"ಆಯ್ತು, ನೀನೂ ಬಾ. ಆದ್ರೆ ಬಾಯಿ ತೆಗೆಯಂಗಿಲ್ಲ, ಕೈ ತೋರ್ಸಂಗಿಲ್ಲ."

ಬೇಡಿದ್ದು ದನಿಯ ಮೇಲಿನ ಮೋಹಕ್ಕಲ್ಲ. ಎರಡು ವರ್ಷದ ಕೆಳಗೆ ಒಂದು ಬೆಳಿಗ್ಗೆ ಹಲ್ಲುಜ್ಜುತ್ತಿದ್ದ ಅಪ್ಪ ಬಚ್ಚಲಲ್ಲೇ ಕುಸಿದ. ಬಲಗೈ ಹೋಯಿತು, ನಾಲಿಗೆಯೂ ಹೋಯಿತು. ಉಳಿದದ್ದು ಒಂದು "ಹೂಂ." ಊಟ ಆಯ್ತಾ ಅಂದರೆ ಹೂಂ. ಆಗಿಲ್ವಾ ಅಂದರೂ ಹೂಂ. ನೋಯ್ತದಾ, ಹೂಂ. ನೋಯಲ್ವಾ, ಹೂಂ. ಬೇಡ ಎನ್ನಲು ಅವನ ಬಳಿ ಏನೂ ಉಳಿದಿರಲಿಲ್ಲ.

ಭಾನುವಾರ ಮಾತ್ರ ಬೇರೆ. ಅಮ್ಮ ಉಮಾಮಹೇಶ್ವರಿ ಅವನಿಗೆ ಸ್ನಾನ ಮಾಡಿಸಿ, ವಿಭೂತಿ ಹಚ್ಚಿ, ಬಿಳೀ ಅಂಗಿ ತೊಡಿಸಿ ಜಗಲಿಯ ಮೇಲೆ ಕೂರಿಸುತ್ತಿದ್ದಳು. ಟೇಪಿನ ಕೊನೆಯ ಮಾತು ಹೀಗಿತ್ತು: "ಇಲ್ಲಿ ಜಗಲಿ ಮೇಲೆ ಯಾರಾದರೂ ಕೂತಿರ್ತಾರೆ. ನಾನೇ ಇದ್ದರೂ ಇರಬಹುದು. ಒಸಿ ನೀರು ಕೊಡ್ತೀರಾ ಅಂತ ಕೇಳಿ." ಯಾರೋ ಅಪರಿಚಿತರು, ಕ್ಯಾಮೆರಾ ಹೊತ್ತವರು, ಮಕ್ಕಳ ಕೈ ಹಿಡಿದವರು ಬಂದು ನಿಂತು, ಸಂಕೋಚದಿಂದ ನಗುತ್ತ, ನೀರು ಕೊಡ್ತೀರಾ ಎಂದು ಕೇಳುತ್ತಿದ್ದರು. "ಹೂಂ," ಎನ್ನುತ್ತಿದ್ದ ಅಪ್ಪ. ಇಡೀ ವಾರದಲ್ಲಿ ಆ ಉತ್ತರ ಸರಿಯಾಗಿ ಹೊಂದುವ ಪ್ರಶ್ನೆ ಅದೊಂದೇ. ಕೇಳಿದವರ ಕಿವಿಯಲ್ಲಿ ಇಷ್ಟು ಹೊತ್ತು ಹರಟಿದ್ದು ಈತನೇ ಎಂದು ಯಾರಿಗೂ ಹೊಳೆಯುತ್ತಿರಲಿಲ್ಲ. ಅವನಿಗೆ ಅದರ ಚಿಂತೆಯಿರಲಿಲ್ಲ. ಅಂದು ಸಂಜೆಯವರೆಗೂ ಬೆನ್ನು ನೆಟ್ಟಗೆ ಮಾಡಿಕೊಂಡು ಕೂತಿರುತ್ತಿದ್ದ. ಈಚೆಗೆ ಯಾರೂ ಜಗಲಿಗೆ ಬಂದು ಮುಟ್ಟುತ್ತಿರಲಿಲ್ಲ. ಸ್ನಾನ, ವಿಭೂತಿ, ಅಂಗಿ ಮಾತ್ರ ನಡೆದಿದ್ದವು.

ರಸ್ತೆ ನಡುವಿನ ಕಬ್ಬಿಣದ ಬೇಲಿಯನ್ನು ಯಾರೋ ಬಗ್ಗಿಸಿ ಕಂಡಿ ಮಾಡಿದ್ದರು. ರುದ್ರಪ್ರಸಾದ್ ಹೊಟ್ಟೆ ಒಳಕ್ಕೆಳೆದುಕೊಂಡು ಅದರಲ್ಲಿ ತೂರಿದ. ಪ್ಯಾಂಟಿಗೆ ತುಕ್ಕು ಮೆತ್ತಿತು. ಆದರೂ ದಾಟಿದ.

"ಬೇವಿನ ಮರದ ಕೆಳಗೆ ಹೂವಿನ ಗಂಗಲಕ್ಷ್ಮಮ್ಮ ಇರ್ತಾಳೆ. ಅವಳ ಎಡಗಡೆ ಸಂದಿಗೆ ಇಳೀರಿ." ಬೇವಿನ ಮರವಿರಲಿಲ್ಲ. ರುದ್ರಪ್ರಸಾದ್ ಕತ್ತೆತ್ತಿ ಮರ ಹುಡುಕುತ್ತ ಸುತ್ತಿದ. ಮೇಲೆ ನೋಡಬೇಡಿ, ಕೆಳಗೆ ನೋಡಿ ಎಂದು ಕವನಳ ನಾಲಿಗೆಯ ತುದಿಗೆ ಬಂತು, ನುಂಗಿಕೊಂಡಳು. ಮರವಿದ್ದ ಜಾಗದಲ್ಲೇ, ಒಂದು ಹರಕು ಛತ್ರಿಯ ಕೆಳಗೆ, ಗಂಗಲಕ್ಷ್ಮಮ್ಮ ಕನಕಾಂಬರ ಕಟ್ಟುತ್ತ ಕೂತಿದ್ದಳು. ಮರ ಕಡಿದ ದಿನವೂ ಅವಳು ಜಾಗ ಬಿಟ್ಟಿರಲಿಲ್ಲ.

"ಯಾರನ್ನ ಉಡುಕ್ತಿದ್ದೀಯಪ್ಪ, ಆಕಾಸದಲ್ಲಿ?" ಎಂದಳು.

ರುದ್ರಪ್ರಸಾದ್ ಕೆಳಗೆ ನೋಡಿ, ಬುಟ್ಟಿ ನೋಡಿ, ನಕ್ಕ. "ಸಿಕ್ಕುದ್ಲು!" ಎಂದು ಕಿರುಚಿದ.

"ಅಯ್ಯೋ, ನಾನೇನ್ ಕಳ್ದೋಗಿದ್ನಾ? ಕವನಾ, ನಿಮ್ಮಪ್ಪ ಎಂಗವ್ನವ್ವ? ಈ ಕಿವಿಗೆ ಸಿಗಾಕೊಂಡೋರು ನನ್ನೆದ್ರಿಗೆ ಬಂದು ಕಿಸಕ್ ಅಂತ ನಗ್ತರಲ್ಲ, ಅದರಾಗೆ ನನ್ ಮ್ಯಾಲೆ ಏನ್ ಯೋಳವ್ನೆ?"

ರುದ್ರಪ್ರಸಾದ್ ಒಂದು ಕಿವಿಯದನ್ನು ಕಿತ್ತು, ಒಸಿ ಹಿಂದಕ್ಕೆ ಓಡಿಸಿ, ಅವಳ ಕಿವಿಗಿಟ್ಟ. ಗಂಗಲಕ್ಷ್ಮಮ್ಮ ಕಣ್ಣು ಮುಚ್ಚಿ ಆಲಿಸಿದಳು. ಕವನಳಿಗೆ ಗೊತ್ತಿತ್ತು: "ಈವಮ್ಮ ತನ್ನ ಕೈಯಲ್ಲೇ ಮೊಳ ಹಾಕ್ತಾಳೆ. ಕೈ ಗಿಡ್ಡ. ನೀವು ನಿಮ್ಮ ಕೈಯಲ್ಲಿ ಅಳೆದುಕೊಳ್ಳಿ."

"ಥೂ ಇವನ ಬಾಯ್ಗೆ!" ಎಂದು ಗಂಗಲಕ್ಷ್ಮಮ್ಮ ಅದನ್ನು ಕಿತ್ತೆಸೆದಳು. ಆಮೇಲೆ ಮುಖ ಬೇರೆಯಾಯಿತು. ಸೆರಗಿನಿಂದ ಮೂಗು ಒರೆಸಿಕೊಂಡಳು. "ಏನ್ ಮಾತಾಡ್ತಿದ್ದ ಕಣವ್ವ..." ಎಂದು ಒಂದು ಮೊಳ ಕನಕಾಂಬರ ಕಿತ್ತು ಕವನಳ ಕೈಗೆ ತುರುಕಿದಳು. "ಓಗು, ಓಗು."

ರುದ್ರಪ್ರಸಾದ್ ಮತ್ತೆ ಎರಡೂ ಕಿವಿಗೆ ಸಿಕ್ಕಿಸಿಕೊಂಡು ಎಡಗಡೆ ಸಂದಿಗೆ ಇಳಿದ. ಕವನ ಹೂವನ್ನು ಹಿಡಿದು ಹಿಂಬಾಲಿಸಿದಳು. ಇನ್ನೊಂದೇ ತಿರುವು. ಅದನ್ನು ಗೆದ್ದರೆ ಮುಂದೆ ಸಂದು ತಾನೇ ಮನೆಗೆ ತಂದು ಬಿಡುತ್ತದೆ.

ಆ ತಿರುವೇ ಕಷ್ಟದ್ದು. ಮೂರು ಸಂದು ಕೂಡುವ ಜಾಗ. ಒಂದು ಕಾಲಕ್ಕೆ ಅಲ್ಲಿ ಮನೆಗೊಂದು ಲೇತು. ಹಾಲೆಮರದ ತುಂಡು ತಿರುಗಿಸಿ, ಅರಗು ಒತ್ತಿ, ಬುಗುರಿ, ಗಿಲಕಿ, ಕುದುರೆ ಮಾಡುವವರು. ಯಾರ ಲೇತು ಕೂಗುತ್ತಿದೆ ಎಂದು ಆ ಸಂದಿನ ಜನ ಮಲಗಿದಲ್ಲಿಂದಲೇ ಹೇಳುತ್ತಿದ್ದರು. ಹಾಗಾಗಿ ಅಪ್ಪ ಅಲ್ಲಿ ನಿಂತು, ಊರವನೊಬ್ಬ ಇನ್ನೊಬ್ಬ ಊರವನಿಗೆ ಹೇಳುವ ಹಾಗೆ, ದಾರಿ ಹೇಳಿಬಿಟ್ಟಿದ್ದ: "ಬೋರ್ಡು ಹುಡುಕಬೇಡಿ, ಇಲ್ಲ. ಕಣ್ಣು ಬೇಡ, ಕಿವಿ ಕೊಡಿ. ಲೇತು ಕೂಗುವ ಕಡೆ ತಿರುಗಿ."

ಲೇತುಗಳು ಒಂದೊಂದಾಗಿ ಊರಾಚೆಯ ಶೆಡ್ಡುಗಳಿಗೆ ಹೋದವು. ಅಲ್ಲಿಂದ ಕವನಳ ಮನೆಗೆ ಹೋಗುವ ಎಡಗಡೆ ಸಂದಿನ ಬಾಯಲ್ಲಿ ಉಳಿದದ್ದು ಹುಸೇನನದೊಂದೇ. ಈಗೀಗ ಅವನೂ ಭಾನುವಾರ ಓಡಿಸುವುದಿಲ್ಲ. ಹಿಂದಿನ ದಿನ ಕವನ ಅವನ ಮನೆಗೆ ಹೋಗಿದ್ದಳು. "ಚಾಚಾ, ನಾಳೆ ನಾವು ಬರೋ ಹೊತ್ತಿಗೆ ಮಿಷಿನ್ ಹಾಕಿ ಇಟ್ಟಿರಿ."

"ಮರಿಸ್ವಾಮಿಗೋಸ್ಕರ ಬೇಕಾದ್ರೆ ದಿನಾ ಪೂರಾ ಓಡುಸ್ತೀನಿ ಬುಡು," ಎಂದಿದ್ದ ಹುಸೇನ್.

"ಕರೆಂಟ್‌ನೋರನ್ನ ಕೇಳ್ಕಂಡ್ರಾ?" ಎಂದು ಒಳಗಿನಿಂದ ಅವನ ಹೆಂಡತಿ ಅಖ್ತರಿ ಕುಟುಕಿದ್ದಳು.

ಇದು ಮೋಸವೆಂದು ಕವನಳಿಗೆ ಗೊತ್ತಿರಲಿಲ್ಲವೆಂದಲ್ಲ. ಕರಾರಿನಲ್ಲಿ ಮುಚ್ಚಬೇಕಾದದ್ದು ತನ್ನ ಬಾಯಿ, ಹುಸೇನನ ಲೇತಿನ ಬಾಯಿಯಲ್ಲ ಎಂದು ಸಮಾಧಾನ ಮಾಡಿಕೊಂಡಿದ್ದಳು.

ಅವರು ಸಂದಿನ ಅರ್ಧಕ್ಕೆ ಬಂದಾಗ ಪಕ್ಕದ ಹಿಟ್ಟಿನ ಗಿರಣಿ ಒಮ್ಮೆ ನರಳಿ ನಿಂತುಹೋಯಿತು. ಯಾವುದೋ ಮನೆಯ ಟೀವಿ ಅರ್ಧ ಹಾಡಿಗೆ ಬಾಯಿ ಮುಚ್ಚಿತು. ಕರೆಂಟು ಹೋಗಿತ್ತು.

ಕವನ ನಿಂತುಬಿಟ್ಟಳು. ಎದುರಿಗೆ ಮೂರು ಸಂದು ಕೂಡುವ ಜಾಗ ಕಾಣುತ್ತಿತ್ತು, ಹುಸೇನನ ತೆರೆದ ಬಾಗಿಲು ಕಾಣುತ್ತಿತ್ತು. ಆಗ ಸಣ್ಣಗೆ, ಗಂಟಲು ಕಟ್ಟಿದವರು ಕೂಗುವ ಹಾಗೆ, ಆ ಬಾಗಿಲಿನಿಂದ ಸದ್ದೊಂದು ಹೊರಟಿತು. ಕುಂಯ್... ಕುಂಯ್... ಅಖ್ತರಿಯ ಮಾತು ನಾಟಿತ್ತೇನೋ, ಹುಸೇನ್ ಅಟ್ಟದ ಮೇಲಿದ್ದ ತನ್ನ ಅಪ್ಪನ ಕಾಲದ ಕೈಲೇತನ್ನು ಮೊದಲೇ ಇಳಿಸಿಟ್ಟಿದ್ದ. ಅಖ್ತರಿ ಬಿಲ್ಲಿನಂಥ ಕಮಾನನ್ನು ಎರಡೂ ಕೈಯಲ್ಲಿ ಆಚೆ ಈಚೆ ಎಳೆಯುತ್ತಿದ್ದಳು. ಹುಸೇನ್ ನೆಲದ ಮೇಲೆ ಕೂತು, ತಿರುಗುವ ಮರಕ್ಕೆ ಉಳಿ ಹಿಡಿದಿದ್ದ. ಇಬ್ಬರೂ ಬೆವರಿ ತೊಪ್ಪೆಯಾಗಿದ್ದರು.

ಕವನ ಮತ್ತೆ ಹೆಜ್ಜೆ ಹಾಕಿದಳು. ಕೇಳುತ್ತದೆ. ಇಷ್ಟು ಸಾಕು.

ರುದ್ರಪ್ರಸಾದ್ ಕೂಡುಜಾಗದಲ್ಲಿ ನಿಂತ. ಅವನ ಮುಖ ಅರಳಿತು. "ಕೇಳ್ತೈತೆ ಕಣವ್ವಾ! ಲೇತು ಕೇಳ್ತೈತೆ! ನಿಮ್ಮಪ್ಪ ಭಲೇ ಆಸಾಮಿ!"

ಎಂದವನೇ ಹುಸೇನನ ಬಾಗಿಲ ಮುಂದೆಯೇ ಹಾದು, ಅಗಲವಾಗಿದ್ದ ಬಲಗಡೆ ಸಂದಿಗೆ ತಿರುಗಿಬಿಟ್ಟ.

ಒಂದು ಕ್ಷಣ ಅವಳಿಗೆ ಅರ್ಥವಾಗಲಿಲ್ಲ. ಆಮೇಲೆ ಅರ್ಥವಾಯಿತು. ಅಪ್ಪ ಇಲ್ಲೇ ನಿಂತು ಮಾತಾಡಿದ್ದ. ಲೇತು ಕೂಗುವ ಕಡೆ ತಿರುಗಿ ಎಂದು ಹೇಳಿ, ಕೇಳುವವರಿಗೆ ಕೇಳಲಿ ಎಂದು ಒಸಿ ಹೊತ್ತು ಸುಮ್ಮನಾಗಿದ್ದ. ಆ ಸುಮ್ಮನಿದ್ದ ಹೊತ್ತಿನಲ್ಲಿ ಅಂದಿನ ಲೇತುಗಳೆಲ್ಲ ಟೇಪಿನೊಳಕ್ಕೆ ಸೇರಿಕೊಂಡಿದ್ದವು. ಎಷ್ಟೋ ಸಲ ಕೇಳಿದ್ದಳು; ಅಪ್ಪನ ಕೆಮ್ಮನ್ನು ಕೇಳಿದ ಹಾಗೆ ಕೇಳಿ ಬಿಟ್ಟಿದ್ದಳು. ಈಗ ರುದ್ರಪ್ರಸಾದ್ ಆರು ವರ್ಷದ ಹಿಂದಿನ ಲೇತಿನ ಬೆನ್ನು ಹತ್ತಿ ಹೋಗುತ್ತಿದ್ದ. ಅದು ಅವನಿಗೆ ಎಲ್ಲ ಕಡೆಯಿಂದಲೂ ಕೇಳುತ್ತಿತ್ತು.

"ಸಾಮೀ, ಈ ಕಡೆ! ಈ ಕಡೆ ಸಾಮೀ!" ಎಂದ ಹುಸೇನ್. ಅಖ್ತರಿ ಹಲ್ಲು ಕಚ್ಚಿ ಕಮಾನನ್ನು ಇನ್ನೂ ಜೋರಾಗಿ ಎಳೆದಳು. ಬಳೆಯೊಂದು ಒಡೆಯಿತು. ರುದ್ರಪ್ರಸಾದ್ ತಿರುಗಲಿಲ್ಲ. ಹುಸೇನ್ ಕವನಳ ಮುಖ ನೋಡಿ, ಕೂಗು, ಕೂಗೆಂದು ಉಳಿಯಲ್ಲೇ ಸನ್ನೆ ಮಾಡಿದ. ಕವನ ಬಾಯಿ ತೆರೆದಳು. ಕೂಗಿದರೂ ಸೋಲು, ಕೂಗದಿದ್ದರೂ ಸೋಲು. ತೆರೆದ ಬಾಯಿಯನ್ನು ಹಾಗೇ ಮುಚ್ಚಿಕೊಂಡು ರುದ್ರಪ್ರಸಾದನ ಹಿಂದೆ ನಡೆದಳು.

ಆ ಸಂದು ಒಂದು ಹೊಸ ಗೋಡೌನಿನ ಗೋಡೆಗೆ ಹೋಗಿ ಮುಟ್ಟುತ್ತಿತ್ತು. ಗೋಡೆಯ ತಲೆಯ ಮೇಲೆ ಒಡೆದ ಬಾಟಲಿ ಚೂರು. ಆಚೆ ಜನರೇಟರ್ ಗುಡುಗುಡು ಎನ್ನುತ್ತಿತ್ತು.

"ಅರಗಿನ ವಾಸನೆ ಬತ್ತದೆ ಅಂತವ್ರೆ," ಎಂದು ರುದ್ರಪ್ರಸಾದ್ ಮೂಗೆಳೆದ. ಡೀಸೆಲ್ ವಾಸನೆ. ಹಿಂದಕ್ಕೆ ಓಡಿಸಿ ಮತ್ತೆ ಕೇಳಿದ. "ಲೇತು ಸರಿಯಾಗೇ ಕೇಳ್ತೈತಲ್ಲ. ಇಲ್ಲೇ ಎಲ್ಲೋ..." ಎಂದು ಗೋಡೆಯನ್ನು ಅಂಗೈಯಿಂದ ತಟ್ಟಿದ, ಬಾಗಿಲಿರಬಹುದೇನೋ ಎಂಬಂತೆ.

ಕವನ ಹತ್ತಿರ ಹೋಗಿ ಅವನ ಕಿವಿಯಿಂದ ಎರಡನ್ನೂ ಮೆಲ್ಲಗೆ ಕಿತ್ತಳು.

ಅವನು ಆಲಿಸಿದ. ಗೋಡೆ ನೋಡಿದ. ಒಂದನ್ನು ಮತ್ತೆ ಕಿವಿಗಿಟ್ಟುಕೊಂಡು, ಮತ್ತೆ ತೆಗೆದ. "ಅಯ್ಯೋ ಶಿವನೇ," ಎಂದ. ಬಹಳ ಹೊತ್ತಿನ ಮೇಲೆ ಮೊದಲ ಸಲ ಮೆಲ್ಲಗೆ ಮಾತಾಡಿದ್ದ. "ಇದರೊಳಗೇ ಐತೆ."

ಜಗಲಿಗೆ ಅವನನ್ನು ಕವನಳೇ ಕರೆದುಕೊಂಡು ಹೋದಳು. ಅಪ್ಪ ಕೂತಿದ್ದ. ಬಿಳೀ ಅಂಗಿಯ ಗುಂಡಿ ಒಂದು ಮೇಲೆ ಕೆಳಗಾಗಿತ್ತು. ರುದ್ರಪ್ರಸಾದ್ ಏನು ಮಾಡಬೇಕೆಂದು ತೋಚದೆ ಚಪ್ಪಲಿ ಬಿಟ್ಟು, ಟೇಪು ಹೇಳಿದ್ದನ್ನೇ ಹೇಳಿದ. "ಮರಿಸ್ವಾಮಣ್ಣ, ಒಸಿ ನೀರು ಕೊಡ್ತೀರಾ?"

"ಹೂಂ," ಎಂದ ಅಪ್ಪ. ಬೆನ್ನು ನೆಟ್ಟಗಾಯಿತು.

ಅಮ್ಮ ಚೊಂಬಿನಲ್ಲಿ ನೀರು, ಅಂಗೈಯಷ್ಟು ಬೆಲ್ಲ ತಂದಳು. ರುದ್ರಪ್ರಸಾದ್ ಕುಡಿದ, ಬಾಯಿ ಒರೆಸಿಕೊಂಡ, ಕವನಳ ಕಡೆ ತಿರುಗಿದ. "ನೋಡವ್ವ, ಇದು ಆಗದ ಮಾತು, ನೀನೇ ಕಂಡೆ. ಆದ್ರೆ ನಂಗೂ ಮನಸ್ಸು ತಡೀತಿಲ್ಲ. ಒಂದು ಮಾಡಾನ. ಹೊಸ ಟೇಪ್‌ಗೆ ಬೆಂಗ್ಳೂರೋರು ಯಾರೂ ಬ್ಯಾಡ. ನೀನೇ ಮಾತಾಡು. ನಿಮ್ಮಪ್ಪನ ಗಂಟ್ಲೇ ನಿಂದು. ಶೋರೂಮ್‌ನಲ್ಲಿ ನಿಂಗೊಂದು ಕೆಲಸನೂ ಕೊಡ್ತೀನಿ."

"ಒಪ್ಕೊಳವ್ವ," ಎಂದಳು ಅಮ್ಮ. ಅವಳ ಮುಖದಲ್ಲಿ ಬೆಳಕು ಕಂಡಿತು.

"ಹೊಸದು ಈ ಜಗಲಿಗೆ ಬತ್ತದಾ ರುದ್ರಣ್ಣ?"

"ಎಲ್ಲಿ ಬಂದಾತವ್ವ ಈ ಸಂದೀಗೆ..." ಎಂದು ರುದ್ರಪ್ರಸಾದ್ ಚೊಂಬನ್ನು ಕೆಳಗಿಟ್ಟ. ಆಮೇಲೆ, ಹಿರಿಯರನ್ನು ಒಂದು ಮಾತು ಕೇಳಬೇಕೆಂಬ ಮರ್ಯಾದೆಗೆ, ಅಪ್ಪನ ಕಡೆ ಬಾಗಿದ. "ಅಣ್ಣ, ನಿಮ್ಮ ಜಾಗದಲ್ಲಿ ಮಗಳು ಮಾತಾಡ್ಲಿ. ನಿಮಗೆ ಒಪ್ಪಿಗೆ ತಾನೆ?"

"ಹೂಂ," ಎಂದ ಅಪ್ಪ.

"ನೋಡು, ನಿಮ್ಮಪ್ಪನೇ ಒಪ್ಪುದ್ರು!"

ಅಮ್ಮ ಕವನಳನ್ನು ನೋಡಿದಳು. ಕವನ ಅಪ್ಪನನ್ನು ನೋಡಿದಳು. ಆ ಹೂಂ ಅಂದರೆ ಏನೂ ಅಲ್ಲವೆಂದು ಮನೆಯವರಿಬ್ಬರಿಗೂ ಗೊತ್ತಿತ್ತು. ಏನೂ ಅಲ್ಲದ್ದನ್ನು ಇಲ್ಲವೆನ್ನುವುದು ಹೇಗೆಂದು ಗೊತ್ತಿರಲಿಲ್ಲ. ಅಷ್ಟರಲ್ಲಿ ಕರೆಂಟು ಬಂತು. ಗಿರಣಿ ಶುರುವಾಯಿತು, ಟೀವಿ ಹಾಡಿತು, ಸಂದಿನ ಬಾಯಿಂದ ಹುಸೇನನ ಮಿಷಿನ್ ಲೇತು ಗಂಟಲು ಬಿಚ್ಚಿ ಕೂಗತೊಡಗಿತು. ಅಪ್ಪ ಕತ್ತನ್ನು ಕಷ್ಟಪಟ್ಟು ಆ ಕಡೆ ತಿರುಗಿಸಿದ.

ರುದ್ರಪ್ರಸಾದ್ ಪ್ಲೇಯರನ್ನು ಅಂಗೈಯಲ್ಲಿಟ್ಟು ಕವನಳ ಕಡೆ ಚಾಚಿದ್ದ. "ಹಿಡ್ಕೊ. ಇದನ್ನ ಕೇಳ್ಕಂಡೇ ಹೊಸದು ಕಲ್ತ್ಕೊ. ಏನಂತೀಯ?"

"ನಾನ್ ಮಾತಾಡಲ್ಲ," ಎಂದಳು ಕವನ.