ತವರಿನ ಚುಕ್ಕಿ

ನಾನು ಒಂದು ಜಿಪಿಎಸ್ ಯಂತ್ರ. ಅಂಗೈಗಿಂತ ತುಸು ದೊಡ್ಡದು ನನ್ನ ಹಳದಿ ಮೈ, ತಲೆಯ ಮೇಲೆ ಹೆಬ್ಬೆರಳಿನಷ್ಟು ಗಿಡ್ಡ ಆಂಟೆನಾ. ಹುಟ್ಟಿದ್ದು ಯಾವುದೋ ಪರದೇಶದ ಕಾರ್ಖಾನೆಯಲ್ಲಿ. ಅಲ್ಲಿ ಸೂರು ಬಿಟ್ಟರೆ ಬೇರೇನೂ ಕಂಡಿರಲಿಲ್ಲ. ಮೊದಲ ಸಲ ಬಯಲಿಗೆ ತಂದು ಗುಂಡಿ ಒತ್ತಿದಾಗ ಆಕಾಶದ ಉಪಗ್ರಹಗಳು ಒಂದೊಂದಾಗಿ ನನ್ನನ್ನು ಮಾತನಾಡಿಸಿದವು. ನಾನೆಲ್ಲಿದ್ದೇನೆಂದು ನನಗೇ ತಿಳಿಯಿತು. ಆ ದಿನದ ಹಿಗ್ಗು ಇನ್ನೂ ಇಳಿದಿಲ್ಲ. ಜಂಬವೂ ಇಳಿದಿಲ್ಲ ಎನ್ನುವವರಿದ್ದಾರೆ, ಅನ್ನಲಿ.

ನನ್ನ ಮೊದಲ ಒಡೆಯ ಸರ್ವೇಯರ್ ಮುದುಕಪ್ಪ. ನನ್ನನ್ನು ಕೊರಳಿಗೆ ತೂಗುಹಾಕಿಕೊಂಡು, ಕಾಲುವೆ ಬರಲಿದ್ದ ಜಾಗದುದ್ದಕ್ಕೂ ನಡೆಯುತ್ತಿದ್ದರು. ಕೆಳಗಿನಿಂದ ನನಗೆ ಕಾಣುತ್ತಿದ್ದದ್ದು ಅವರ ಗದ್ದ ಮತ್ತು ಎಲೆಅಡಿಕೆಯ ಕೆಂಪು ತುಟಿ ಮಾತ್ರ. "ನಮ್ಮೂರಿಗೆ ನೀರ ಬರತೈತೇನ್ರಿ?" ಎಂದು ಜನ ನನ್ನನ್ನೇ ನೋಡುತ್ತ ಕೇಳುತ್ತಿದ್ದರು. ಕಾಲುವೆಯ ಕೆಳಗಿನ ಊರುಗಳಿಗೆ ನೀರು ಬಂತು, ಗುಡ್ಡದ ಕಡೆಯ ಊರುಗಳಿಗೆ ಬರಲಿಲ್ಲ. ಅಂದಿನಿಂದ ಗುಡ್ಡದವರು ಹೆಣ್ಣುಮಕ್ಕಳನ್ನು ಕಾಲುವೆ ಊರುಗಳಿಗೇ ಕೊಡತೊಡಗಿದರು. ಮದುವೆಯ ಮಾತು ಯಂತ್ರಕ್ಕೇಕೆ ಎಂದುಕೊಂಡೆ.

ಮುದುಕಪ್ಪ ನಿವೃತ್ತರಾದ ಮೇಲೆ ಜಿಲ್ಲಾ ಕಚೇರಿಯ ಭುವನಾಳ ಕೈಗೆ ಬಂದೆ. ಊರು, ರಸ್ತೆ, ಜನ ಎಲ್ಲವನ್ನೂ ಕಂಪ್ಯೂಟರಿನ ನಕ್ಷೆಯ ಮೇಲೆ ಹರಡಿ, ಎಲ್ಲಿ ಏನು ಬೇಕೆಂದು ಅಧಿಕಾರಿಗಳಿಗೆ ತೋರಿಸುವುದು ಆಕೆಯ ಕೆಲಸ. ಆ ವರ್ಷ ತಾಲ್ಲೂಕಿಗೆ ಒಂದೇ ಒಂದು ಹೊಸ ಆಂಬ್ಯುಲೆನ್ಸ್ ಬಂದಿತ್ತು. ಅದು ನಿಲ್ಲಬೇಕಾದದ್ದು ಕಾಲುವೆ ಕಡೆಯ ಸಂಗಾಪುರದಲ್ಲೋ, ಗುಡ್ಡದ ಕಡೆಯ ಹಾಲಗಟ್ಟಿಯಲ್ಲೋ? ಭುವನಾ ಪ್ರತಿಯೊಬ್ಬ ಬಸುರಿಯ ತಾಯಿ ಕಾರ್ಡಿನ ವಿಳಾಸ ನೋಡಿ ನಕ್ಷೆಯ ಮೇಲೆ ಚುಕ್ಕಿ ಇಟ್ಟಳು. ಸಂಗಾಪುರದ ಸುತ್ತ ಜೋಳ ಚೆಲ್ಲಿದಂತೆ ಚುಕ್ಕಿಗಳು ಬಿದ್ದವು. ಅವುಗಳಲ್ಲೊಂದು ಆಕೆಯದೇ. ಆಗ ಆಕೆಗೆ ಏಳನೆಯ ತಿಂಗಳು, ಸೀಮಂತ, ಅಂದರೆ ಕುಬಸದ ಕಾರ್ಯ, ಹತ್ತಿರದಲ್ಲಿತ್ತು.

ಸಂಗಾಪುರದ ಹೆಸರು ಬರೆದ ಕಡತ ಸಹಿಗೆ ಹೋಗುವ ದಿನವೇ ತಾಯಿ ನೀಲವ್ವನ ಫೋನು ಬಂತು.

"ಕುಬಸ ಆದ ಮರದಿನಾನ ಕರ್ಕೊಂಡ ಬರ್ತೀನಿ. ಚೊಚ್ಚಲ ಹೆರಿಗಿ, ತವರಮನ್ಯಾಗ ಆಗಬೇಕವ್ವಾ."

"ಆತವ್ವಾ" ಎಂದ ಭುವನಾ ನಕ್ಷೆಯ ಕಡೆ ನೋಡಿ ಹಣೆ ಬಡಿದುಕೊಂಡಳು. "ಅಯ್ಯ ಶಿವನ! ಹಡಿಯೂ ಹೊತ್ತಿನ್ಯಾಗ ನಾನ ಅಲ್ಲಿರೂದಿಲ್ಲಲ್ಲ!"

ಚೊಚ್ಚಲ ಬಸುರಿಯರು ಹೆರುವುದು ತವರಿನಲ್ಲಿ, ನಾವು ಚುಕ್ಕಿ ಇಟ್ಟದ್ದು ಗಂಡನ ಮನೆಯಲ್ಲಿ. ಭುವನಾ ಆಶಾ ಕಾರ್ಯಕರ್ತೆಯರಿಗೆ ಫೋನು ಮಾಡಿ ಒಬ್ಬೊಬ್ಬರ ತವರೂರು ಕೇಳಿದಳು. ಗುಡ್ಡದ ಎಷ್ಟೋ ಸಣ್ಣ ವಸತಿಗಳು ನಕ್ಷೆಯಲ್ಲೇ ಇರಲಿಲ್ಲ. ಜೀಪಿನಲ್ಲಿ ಕುಲುಕುತ್ತ ಹೋಗಿ ಅಲ್ಲೆಲ್ಲ ನನ್ನ ಗುಂಡಿ ಒತ್ತಿ, ಆ ಜಾಗಗಳನ್ನು ನನ್ನ ನೆನಪಿಗೆ ಸೇರಿಸಿದಳು. ತನ್ನ ತವರಿನ ಹೊಸ್ತಿಲಲ್ಲಿ ನಿಂತೂ ಒತ್ತಿದಳು. ಕಚೇರಿಗೆ ಮರಳಿ, ಚೊಚ್ಚಲ ಬಸುರಿಯರನ್ನೆಲ್ಲ ನಕ್ಷೆಯ ಮೇಲೆಯೇ ತವರಿಗೆ ಕಳಿಸಿದಳು. ಚುಕ್ಕಿಗಳು ಕಾಲುವೆ ದಾಟಿ ಗುಡ್ಡ ಹತ್ತಿದವು. ಈಗ ಹಾಲಗಟ್ಟಿಯೇ ಸರಿಯಾದ ಜಾಗವೆಂದು ಲೆಕ್ಕ ಹೇಳಿತು.

ಯೋಜನಾಧಿಕಾರಿ ಬಿದರಿ ಸಾಹೇಬರು ಕನ್ನಡಕ ಸರಿಪಡಿಸಿಕೊಂಡರು. "ನಿಮ್ಮ ತವರೂರು ಹಾಲಗಟ್ಟಿ ಬಾಜೂಕ ಅಲ್ಲೇನ್ರಿ? ನಾಳೆ ಮಂದಿ ಏನಂದಾರು?"

ಭುವನಾಳ ಮುಖ ಕೆಂಪಾಯಿತು. "ನನ್ನ ಚುಕ್ಕಿ ತಗದ ಲೆಕ್ಕ ಮಾಡ್ತೀನ್ರಿ ಸರ್."

ನನಗೆ ಸಂಕಟವಾಯಿತು. ಎಲ್ಲರ ಚುಕ್ಕಿಯೂ ಇದ್ದು, ಇಷ್ಟೆಲ್ಲ ಹೆಣಗಿದವಳದೇ ಇಲ್ಲವೆಂದರೆ? ಆಕೆ ಅಳಿಸಿಯೇಬಿಟ್ಟಳು. ಉತ್ತರ ಬದಲಾಗಲಿಲ್ಲ. ಸಾಹೇಬರು ಹಾಲಗಟ್ಟಿಗೇ ಸಹಿ ಹಾಕಿದರು.

ಬಾಣಂತನ ಮುಗಿಸಿ ಭುವನಾ ಕಚೇರಿಗೆ ಬಂದಾಗ ತೋಳಲ್ಲಿ ಹೆಣ್ಣು ಕೂಸಿತ್ತು. ಜೊತೆಗೆ ಬಂದು ಪೇಢೆ ಹಂಚುತ್ತಿದ್ದ ನೀಲವ್ವ ಹೇಳಿದ್ದನ್ನೇ ಹೇಳುತ್ತಿದ್ದರು: "ಕೂಸು ಅಡ್ಡ ಇತ್ರಿ. ಹಂಚಿನ ಮ್ಯಾಲಿನ ರೊಟ್ಟಿ ಇಳಸೂದ್ರಾಗ ಗಾಡಿ ಬಾಗಲಕ ಬಂತು. ಇಲ್ಲಂದ್ರ ಇಬ್ರೂ ನಮಗ ದಕ್ಕತಿದ್ದಿಲ್ಲ." ಬಿದರಿ ಸಾಹೇಬರು ಎರಡನೆಯ ಪೇಢೆಗೆ ಕೈ ಹಾಕಿದರು.

ಈಗ ನನಗೆ ವಯಸ್ಸಾಗಿದೆ. ನನ್ನ ಕೆಲಸವನ್ನು ಎಲ್ಲರ ಮೊಬೈಲೂ ಮಾಡುತ್ತದೆ. ಬ್ಯಾಟರಿಯ ಮುಚ್ಚಳಕ್ಕೆ ರಬ್ಬರ್ ಬ್ಯಾಂಡು ಸುತ್ತಿ ಕಬ್ಬಿಣದ ಕಪಾಟಿನಲ್ಲಿ ಇಟ್ಟಿದ್ದಾರೆ. ಬೇಸರವೇನಿಲ್ಲ, ಸುಖವಾಗಿದ್ದೇನೆ. ಗುಡ್ಡದ ವಸತಿಗಳೆಲ್ಲ ನಕ್ಷೆಗೆ ಸೇರಿದವು. ಲೆಕ್ಕದಿಂದ ತೆಗೆದ ಆ ಒಂದು ಚುಕ್ಕಿ ಮಾತ್ರ ನನ್ನೊಳಗೇ ಉಳಿಯಿತು. ಭುವನಾ ಆಗೀಗ ಹೊಸ ಸೆಲ್ ಹಾಕಿ ನನ್ನನ್ನು ಎಬ್ಬಿಸುತ್ತಾಳೆ. "ಇನ್ನೂ ಐತೇನು?" ಎಂದು ಹುಡುಕುತ್ತಾಳೆ.

ಇದೆಯವ್ವಾ. ತವರು ಎಲ್ಲಿಗೆ ಹೋದೀತು?