ತೇಲಿದ ತತ್ತಿಗಳು

ಬಕೀಟಿನ ನೀರಿಗೆ ಬಿಟ್ಟ ಮೂವತ್ತು ತತ್ತಿಗಳಲ್ಲಿ ಹನ್ನೊಂದು ಮೇಲೆ ತೇಲಿದವು. ಎತ್ತುವಾಗ ಒಂದು ಒಡೆದೇ ಹೋಯಿತು. ಆ ನಾತಕ್ಕೆ ಕಮರಿಪೇಟೆಯ ಅಂಗನವಾಡಿಯ ಮಕ್ಕಳೆಲ್ಲ ಮೂಗು ಹಿಡಿದು ಹೊರಗೋಡಿದವು. ತಸ್ಲೀಮಾ ಸೆರಗಿನಿಂದ ಬಾಯಿ ಮುಚ್ಚಿಕೊಂಡು ನೆಲ ಒರೆಸಿದಳು. ಹತ್ತೊಂಬತ್ತು ವರ್ಷದಿಂದ ಆಕೆ ಇಲ್ಲಿ ಟೀಚರ್. ತತ್ತಿ ಬಂದ ದಿನ ಬಕೀಟು ತುಂಬುವುದು ಆಕೆಯ ಪದ್ಧತಿ. ತಳಕ್ಕೆ ಕೂತದ್ದು ಮಕ್ಕಳಿಗೆ, ಬಸುರಿಯರಿಗೆ. ತೇಲಿದ್ದು ತಿಪ್ಪೆಗೆ.

ಮೇಲ್ವಿಚಾರಕಿ ಸುಮಲತಾ ರಜಿಸ್ಟರ್ ಮುಂದಿಟ್ಟಳು.

“ಮೂವತ್ತೂ ಛಲೋ ಬಂದಾವ ಅಂತ ಬರೀರಿ.”

“ಹನ್ನೊಂದು ಕೊಳತಾವಲ್ರಿ ಮೇಡಂ.”

“ಗುತ್ತಿಗೆದಾರ ನಮ್ಮ ಸಾಹೇಬ್ರಿಗೆ ಬೇಕಾದಾಂವ. ಸುಮ್ನ ಬರೀರಿ.”

“ಬಸರ ಹೆಣ್ಮಕ್ಕಳು ತಿಂತಾರ್ರಿ ಇವನ್ನ. ನಾ ಹೆಂಗ ಬರೀಲಿ?”

ಹನ್ನೊಂದು ಕೊಳೆತಿವೆ ಎಂದೇ ಬರೆದು ಸಹಿ ಹಾಕಿದಳು. ಎಂಟನೇ ದಿನಕ್ಕೆ ವರ್ಗಾವಣೆಯ ಆದೇಶ ಬಂತು. ಬೇರೆ ಊರಿಗೆ, ಧಾರವಾಡದ ಕೆಲಗೇರಿಗೆ. ಆಡಳಿತಾತ್ಮಕ ಕಾರಣವಂತೆ. ಥೂ! ಕೊಳೆತದ್ದು ಬರೀ ತತ್ತಿಯಾಗಿದ್ದರೆ ಎಸೆದು ಕೈ ತೊಳೆದುಕೊಳ್ಳಬಹುದಿತ್ತು.

ಓಣಿಯ ತುದಿಯ ಮನೆಯಲ್ಲಿ ಅತ್ತೆ ಗುಲ್ಜಾರಬಿ ಹಾಸಿಗೆ ಹಿಡಿದಿದ್ದಳು. ಮಧ್ಯಾಹ್ನ ಓಡಿಹೋಗಿ ಮಗ್ಗುಲು ಬದಲಿಸಿ, ನಾಲ್ಕು ತುತ್ತು ಗಂಜಿ ಕುಡಿಸಿ ಬರುತ್ತಿದ್ದವಳು ತಸ್ಲೀಮಾನೇ. ಎರಡು ಬಸ್ಸು ಬದಲಿಸಿ ಕೆಲಗೇರಿಗೆ ಹೋಗಿ ಬರುವ ಹೊತ್ತಿಗೆ ಈಗ ಸಂಜೆಯಾಗುತ್ತಿತ್ತು. ತಿಂಗಳೊಪ್ಪತ್ತಿನಲ್ಲಿ ಮುದುಕಿಯ ಬೆನ್ನ ತುಂಬ ಹುಣ್ಣಾದವು.

ತಸ್ಲೀಮಾ ಕೋರ್ಟಿಗೆ ಹೋದಳು. ಅದೇ ಊರಿನವಳಾಗಿರಬೇಕೆಂಬ ನಿಯಮದ ಮೇಲೆ ಸೇರಿಸಿಕೊಂಡವಳನ್ನು ಬೇರೆ ಊರಿಗೆ ಅಟ್ಟುವುದು ಹೇಗೆ ಎಂದು ಅವಳ ವಕೀಲರು ಕೇಳಿದರು. ಇಲಾಖೆಯ ವಕೀಲರು ಎದ್ದು, ಈಕೆ ನೌಕರಳೇ ಅಲ್ಲ, ಗೌರವಧನದ ಮೇಲಿರುವ ಸೇವಕಿ, ವರ್ಗಾವಣೆ ಪ್ರಶ್ನಿಸುವ ಹಕ್ಕೇ ಇಲ್ಲ ಎಂದರು. ಏನು ಗೌರವ! ಎತ್ತಿ ಒಗೆಯುವಾಗ ನೌಕರಳು, ಯಾಕೆ ಅಂತ ಕೇಳಿದರೆ ಸೇವಕಿ. ಆಕೆಯ ಮನವಿಯನ್ನು ಇಲಾಖೆಯೇ ಮತ್ತೊಮ್ಮೆ ನೋಡಲಿ ಎಂದು ಆದೇಶವಾಯಿತು. ನೋಡುವವನು ಯಾರು? ವರ್ಗ ಮಾಡಿದ ಅದೇ ಸಾಹೇಬ. ‘ಪರಿಶೀಲಿಸಿ ತಿರಸ್ಕರಿಸಲಾಗಿದೆ’ ಎಂದು ಒಂದೇ ಸಾಲು ಗೀಚಿದ.

ತಸ್ಲೀಮಾ ಮತ್ತೆ ಕೋರ್ಟಿಗೆ ಅರ್ಜಿ ಹಾಕಿದಳು. ರಜೆ ಹಾಕಿ ಹೋದ ದಿನ ಎರಡು ತಿಂಗಳಾಚೆಯ ತಾರೀಖು ಸಿಕ್ಕಿತು. ಸೋತು ಸುಣ್ಣವಾಗಿ ಕಮರಿಪೇಟೆಯ ಓಣಿಗೆ ಬಂದರೆ ಅಂಗನವಾಡಿಯ ಮುಂದೆ ಹೆಂಗಸರ ಸಾಲು. ಒಬ್ಬೊಬ್ಬರ ಕೈಯಲ್ಲೂ ನೀರು ತುಂಬಿದ ತಂಬಿಗೆ.

ಒಳಗೆ ಸುಮಲತಾ ನಿಂತು ಹೊಸ ಟೀಚರ್ ಕೈಯಿಂದ ತತ್ತಿ ಹಂಚಿಸುತ್ತಿದ್ದಳು. ಏಳು ತಿಂಗಳ ಬಸುರಿ ದುರ್ಗಾ ತನ್ನ ಪಾಲಿನ ತತ್ತಿಯನ್ನು ತಂಬಿಗೆಗೆ ಬಿಟ್ಟಳು. ತೇಲಿತು.

“ಇದನ್ನ ಒಲ್ಲೆರಿ.”

ಅವಳ ಹಿಂದಿನವಳೂ ಬಿಟ್ಟಳು. ಅದೂ ತೇಲಿತು.

ಸುಮಲತಾಳ ಕಣ್ಣು ಬಾಗಿಲಲ್ಲಿದ್ದ ತಸ್ಲೀಮಾಳ ಮೇಲೆ ಬಿತ್ತು. “ಇದೆಲ್ಲಾ ನಿಮ್ಮ ಕಿತಾಪತೀನ ಹೌದಲ್ರಿ? ಇನ್ನೊಂದು ನೋಟಿಸ್ ಕೊಡಸ್ತೇನಿ ನೋಡ್ರಿ!”

ತಸ್ಲೀಮಾಗೆ ಮುದುಕಿಯ ಹುಣ್ಣು ಕಣ್ಣ ಮುಂದೆ ಬಂತು. ಆದರೂ ತಲೆ ತಗ್ಗಿಸಲಿಲ್ಲ.

“ಹೌದ್ರಿ. ನಾನ ಕಲಿಸೇನಿ. ಕೊಡಸ್ರಿ.”

ದುರ್ಗಾ ತಂಬಿಗೆಯನ್ನು ಮೇಜಿನ ಮೇಲೆ ಕುಕ್ಕಿದಳು. ನೀರು ರಜಿಸ್ಟರಿನ ಮೇಲೆ ಚೆಲ್ಲಿತು.

“ಟೀಚರ್‌ನ ಕೆಲಗೇರಿಗೆ ಅಟ್ಟಿದ್ರಿ. ಇಲ್ಲೆ ನಲವತ್ತು ಮಂದಿ ತಾಯಂದ್ರು ಅದೇವಿ. ನಮ್ಮನ್ನ ಯಾ ಊರಿಗೆ ವರ್ಗಾ ಮಾಡ್ತೀರಿ?”

ಸುಮಲತಾ ಫೋನು ತೆಗೆದು ಸಾಹೇಬನಿಗೆ ಹಚ್ಚಿದಳು. ಆತ ಎತ್ತಲಿಲ್ಲ. ಹೆಂಗಸರು ಒಬ್ಬೊಬ್ಬರಾಗಿ ಬಂದು ತೇಲಿದ ತತ್ತಿಗಳನ್ನು ಆಕೆಯ ಮೇಜಿನ ಮೇಲೆ ಸಾಲಾಗಿ ಇಟ್ಟರು. ಹದಿನಾಲ್ಕು. ಒಂದು ಬಿರುಕು ಬಿಟ್ಟು ನಾರತೊಡಗಿತು. ಸುಮಲತಾ ಕರವಸ್ತ್ರಕ್ಕೆ ತಡಕಾಡಿದಳು.

ದುರ್ಗಾ ಪೆನ್ನು ಎತ್ತಿ ಅವಳ ಮುಂದೆ ಹಿಡಿದಳು.

“ಈಗ ನೀವ ಬರೀರಿ, ಮೇಡಂ.”